ಬಿಳಿ ಪರದೆಗೆ ಹೇಳಿದ ಕತೆ

ಪಕ್ಕದ ಮನೆಯ ಟೀಚರಿಗೂ ನನಗೂ ಸ್ನೇಹ ಬೆಳೆದದ್ದು ಜಗಳದಿಂದ. ಬಾಥೆಲ್‌ನ ಈ ಮನೆಗೆ ಬಂದ ಮೊದಲ ವಾರವೇ ಅವರು ನಮ್ಮ ಅಂಚೆ ಡಬ್ಬಿಯಲ್ಲಿ ಒಂದು ಚೀಟಿ ಹಾಕಿದ್ದರು. ಕಸದ ಡಬ್ಬಿಯನ್ನು ರಸ್ತೆಗೆ ಇಡುವಾಗ ಹಿಡಿ ಮನೆಯ ಕಡೆಗಿರಬೇಕು, ನಿಮ್ಮದು ತಿರುಗುಮುರುಗಾಗಿದೆ ಎಂದು ಬರೆದು, ಕೆಳಗೆ ಪೆನ್ಸಿಲಿನಲ್ಲಿ ಒಂದು ಚಿತ್ರ ಬೇರೆ ಬಿಡಿಸಿದ್ದರು. ನನಗೆ ಮೂಗಿನ ತುದಿಯಲ್ಲೇ ಕೋಪ. ಚೀಟಿ ಹಿಡಿದುಕೊಂಡು ಹೋಗಿ ಬಾಗಿಲು ತಟ್ಟಿ, ಚಿತ್ರದಲ್ಲಿ ಡಬ್ಬಿಗೆ ಚಕ್ರ ಹಾಕುವುದನ್ನು ಮರೆತಿದ್ದೀರಿ ಎಂದೆ. ಅವರು ಕನ್ನಡಕ ಏರಿಸಿ ನೋಡಿ, ಹೌದು, ತಪ್ಪಾಗಿದೆ ಎಂದು ಒಪ್ಪಿಕೊಂಡು ಒಳಗೆ ಕರೆದು ಟೀ ಕೊಟ್ಟರು. ಹನ್ನೊಂದು ವರ್ಷವಾಯಿತು, ಆ ಟೀ ಇನ್ನೂ ನಿಂತಿಲ್ಲ.

ತಪ್ಪು ಹಿಡಿಯುವುದು ನನಗೆ ಹೊಟ್ಟೆಪಾಡೂ ಹೌದು. ಕ್ಯಾನ್ಯನ್ ಪಾರ್ಕಿನ ಒಂದು ಔಷಧಿ ಕಂಪನಿಯಲ್ಲಿ ಲ್ಯಾಬಿನವರು ಬರೆದ ದಾಖಲೆಗಳನ್ನು ಸಾಲುಸಾಲಾಗಿ ಓದಿ, ಎಲ್ಲಿ ಸಹಿ ಬಿಟ್ಟಿದೆ, ಎಲ್ಲಿ ಗಡಿಯಾರದ ಹೊತ್ತು ತಾಳೆಯಾಗುತ್ತಿಲ್ಲ ಎಂದು ಕೆಂಪು ಗುರುತು ಹಾಕುವುದು ನನ್ನ ಕೆಲಸ. ಬರೆದಿಲ್ಲ ಎಂದರೆ ನಡೆದಿಲ್ಲ ಎನ್ನುವುದು ನಮ್ಮ ಕಸುಬಿನ ಮೊದಲ ಪಾಠ. ನಾನು ಒಗ್ಗರಣೆಗೆ ಸಾಸಿವೆಯನ್ನೂ ಸಹಿ ಮಾಡಿಯೇ ಹಾಕುತ್ತೇನೆ ಎಂದು ನನ್ನ ಗಂಡ ಬಂದವರಿಗೆಲ್ಲ ಹೇಳುತ್ತಾನೆ. ಅವನು ವಿಜಯಪುರದವನು, ಸೌತ್ ಲೇಕ್ ಯೂನಿಯನ್‌ನಲ್ಲಿ ಸಾಫ್ಟ್‌ವೇರ್ ಕೆಲಸ. ಬಸ್ಸಿನಲ್ಲಿ ಕೂತು ಇಂಥ ಮಾತುಗಳನ್ನೇ ಯೋಚಿಸಿಕೊಂಡು ಬರುತ್ತಾನೆಂದು ನನ್ನ ಅನುಮಾನ.

ಟೀಚರ್ ತಮ್ಮನ್ನು ಹೆಸರು ಹಿಡಿದೇ ಕರೆ ಎಂದು ಎಷ್ಟೋ ಸಲ ಹೇಳಿದರು. ಎಪ್ಪತ್ತು ದಾಟಿದವರನ್ನು ಹಾಗೆ ಕರೆಯಲು ನನ್ನ ನಾಲಗೆ ಹೊರಳಲಿಲ್ಲ. ಶಾಲೆಯಲ್ಲಿ ಪಾಠ ಹೇಳಿ ನಿವೃತ್ತರಾದವರು, ಆದ್ದರಿಂದ ಟೀಚರ್ ಅಂದೆ. ಅದೇ ನಿಂತಿತು.

ಅವರ ತಂದೆತಾಯಿ ಜಪಾನಿನಿಂದ ಈ ಕಡೆ ಬಂದವರು. ತಂದೆಯ ಕಸುಬು ಏನೆಂದು ಕೇಳಿದಾಗ ಅವರು 'ಬೆನ್ಶಿ' ಎಂದರು. ನನಗೆ ಅರ್ಥವಾಗದ್ದು ಕಂಡು, ಹಿಂದೆ ಮಕ್ಕಳಿಗೆ ಪಾಠ ಮಾಡಿದಂತೆಯೇ ಎದ್ದು ನಿಂತು ವಿವರಿಸಿದರು. ಸಿನಿಮಾಕ್ಕೆ ಇನ್ನೂ ಮಾತು ಬಂದಿರದ ಕಾಲದಲ್ಲಿ ಬೆನ್ಶಿ ಪರದೆಯ ಪಕ್ಕ ನಿಂತು ಕತೆ ಹೇಳುತ್ತಿದ್ದ. ಚಿತ್ರದಲ್ಲಿ ರಾಜ ಬಾಯಾಡಿಸಿದರೆ ರಾಜನ ದನಿ, ಹೆಂಗಸು ಬಾಯಾಡಿಸಿದರೆ ಹೆಂಗಸಿನ ದನಿ, ಯಾರೂ ಬಾಯಿ ಬಿಡದಿದ್ದರೆ ಕಡಲಿನ ವರ್ಣನೆ, ಎಲ್ಲವನ್ನೂ ಅವನೊಬ್ಬನೇ ನಿಭಾಯಿಸುತ್ತಿದ್ದ. ಜನ ಸಿನಿಮಾ ನೋಡುವುದಕ್ಕಿಂತ ತಮ್ಮ ಇಷ್ಟದ ಬೆನ್ಶಿಯನ್ನು ಕೇಳಲು ಹೋಗುತ್ತಿದ್ದರಂತೆ. ಟೀಚರ್ ತಂದೆ ಒಂದು ಪೆಟ್ಟಿಗೆ ಫಿಲ್ಮು ಹೊತ್ತುಕೊಂಡು, ಇಲ್ಲಿನ ಮರ ಕೊಯ್ಯುವ ಗಿರಣಿಗಳಲ್ಲಿ, ರೈಲುಹಳಿಯ ಪಕ್ಕದ ಬಿಡಾರಗಳಲ್ಲಿ ದುಡಿಯುತ್ತಿದ್ದ ಜಪಾನಿ ಕೂಲಿಯವರಿಗೆ ಊರಿನ ಪುರಾಣ ತೋರಿಸಿಕೊಂಡು ಓಡಾಡಿದವರು.

ನನಗೆ ನಗು ಬಂತು. ಇದರಲ್ಲಿ ನಗುವಂಥದ್ದೇನಿದೆ ಎಂದು ಟೀಚರ್ ಕೇಳಿದರು. ಇದು ನಮ್ಮಪ್ಪನ ಕಸುಬು, ನಮ್ಮಲ್ಲಿ ಪರದೆ ಇರಲಿಲ್ಲ ಅಷ್ಟೇ ಎಂದೆ.

ನಮ್ಮಪ್ಪ ತುಮಕೂರಿನಲ್ಲಿ ಹರಿಕತೆ ದಾಸರು. ಕೈಯಲ್ಲಿ ತಾಳ, ಕಾಲಲ್ಲಿ ಗೆಜ್ಜೆ, ಕೊರಳಲ್ಲಿ ಯಾರೋ ಹಾಕಿದ ಸೇವಂತಿಗೆ ಹಾರ. ರಾಮನವಮಿ ಬಂತೆಂದರೆ ಒಂದು ಬೀದಿಯ ಚಪ್ಪರದಿಂದ ಇನ್ನೊಂದು ಬೀದಿಯ ಚಪ್ಪರಕ್ಕೆ ಹೋಗುತ್ತಿದ್ದರು. ನಾನು ಅವರ ಹಿಂದೆ ಕೂತು ಶ್ರುತಿಪೆಟ್ಟಿಗೆ ಒತ್ತುತ್ತಿದ್ದೆ, ಪಲ್ಲವಿಗೆ ದನಿ ಸೇರಿಸುತ್ತಿದ್ದೆ. ನಿನ್ನ ಗಂಟಲು ನನಗಿಂತ ಚೆನ್ನಾಗಿದೆ, ಮುಂದೆ ನೀನೇ ನಿಂತು ಹೇಳು ಎಂದು ಅವರಿಗೆ ಆಸೆ. ಪಿಯುಸಿಗೆ ಬರುವ ಹೊತ್ತಿಗೆ ನನಗೆ ಗೆಜ್ಜೆ ಕಂಡರೆ ನಾಚಿಕೆಯಾಗುತ್ತಿತ್ತು. ಒಲ್ಲೆ ಎಂದೆ, ಎರಡನೆಯ ಸಲ ಅವರು ಕೇಳಲಿಲ್ಲ. ಕೇಳಿದ್ದರೆ ಒಪ್ಪುತ್ತಿದ್ದೆನೋ ಏನೋ, ಗೊತ್ತಿಲ್ಲ. ಈಗ ಅವರಿಲ್ಲ.

ಅವರದೊಂದು ಕಟ್ಟುನಿಟ್ಟು ಮಾತ್ರ ನನ್ನ ರಕ್ತದಲ್ಲಿ ಉಳಿದುಕೊಂಡಿದೆ. ಕತೆಯನ್ನು ಅಮಂಗಳದಲ್ಲಿ ನಿಲ್ಲಿಸುವ ಹಾಗಿಲ್ಲ. ಸಾವಿನಲ್ಲಿ, ಅಗಲಿಕೆಯಲ್ಲಿ, ಅಳುವ ಮಗುವಿನಲ್ಲಿ ಆ ದಿನದ ಕತೆ ಮುಗಿಸಿ ಏಳುವಂತಿಲ್ಲ. ಎಷ್ಟೇ ಹೊತ್ತಾಗಲಿ, ಒಂದು ಒಳ್ಳೆಯ ಜಾಗಕ್ಕೆ ತಂದು, ಮಂಗಳ ಹಾಡಿ ಮುಗಿಸಬೇಕು. ಒಂದು ಸಂಜೆ ಕತೆಯಲ್ಲಿ ಸತ್ತ ಮಗನನ್ನು ತಾಯಿ ಮಡಿಲಿಗೆ ಹಾಕಿಕೊಂಡು ಕೂತ ಕಡೆ ಕರೆಂಟು ಹೋಯಿತು. ಮೈಕು ಸತ್ತಿತು. ಮಳೆ ಬರುವ ಹಾಗಿತ್ತು, ಜನ ಚಾಪೆ ಮಡಚಿಕೊಂಡು ಹೊರಟರು. ಅಪ್ಪ ಮಾತ್ರ ನಿಲ್ಲಿಸಲಿಲ್ಲ. ಬರೀ ಗಂಟಲಿನಲ್ಲಿ, ಕೊನೆಯ ಕಂಬದವರೆಗೂ ಕೇಳುವಂತೆ ಹೇಳುತ್ತಲೇ ಹೋಗಿ ಮಗ ಕಣ್ಣು ಬಿಡುವವರೆಗೂ ತಂದು ಮಂಗಳ ಹಾಡಿದರು. ಉಳಿದಿದ್ದವರು ಏಳೆಂಟು ಜನ. ಯಾಕಪ್ಪಾ ಇಷ್ಟು ಕಷ್ಟಪಟ್ಟಿರಿ ಎಂದು ದಾರಿಯಲ್ಲಿ ಕೇಳಿದೆ.

"ಕೇಳೋಕೆ ಬಂದೋರ್ನ ನಡುನೀರಲ್ಲಿ ಬಿಟ್ಟು ಬರಬಾರದು ಕಣಮ್ಮ. ಒಬ್ಬನೇ ಇದ್ರೂ ದಡ ಮುಟ್ಟಿಸಬೇಕು" ಅಂದರು.

ಟೀಚರ್ ಮನೆಯಲ್ಲಿ ಉಳಿದಿರುವುದು ಅವರ ಅಪ್ಪನ ಒಂದೇ ಒಂದು ಸಿನಿಮಾ, ಅದೂ ಹನ್ನೊಂದು ನಿಮಿಷದ್ದು. ಜಪಾನಿನ ಜೊತೆ ಯುದ್ಧ ನಡೆದ ಕಾಲದಲ್ಲಿ ಸರ್ಕಾರ ಇಲ್ಲಿನ ಜಪಾನಿ ಮೂಲದವರನ್ನೆಲ್ಲ ಮನೆ ಬಿಡಿಸಿ ಶಿಬಿರಗಳಿಗೆ ಸಾಗಿಸಿದಾಗ, ಕೈಯಲ್ಲಿ ಹೊರುವಷ್ಟನ್ನು ಮಾತ್ರ ಒಯ್ಯಬಹುದಿತ್ತು. ಫಿಲ್ಮಿನ ಪೆಟ್ಟಿಗೆ ಒಂದು ಹಳೆಯ ವಸತಿಗೃಹದ ನೆಲಮಾಳಿಗೆಯಲ್ಲಿ ಉಳಿಯಿತು. ವಾಪಸು ಬಂದ ಮೇಲೆ ಅಪ್ಪ ಅದನ್ನು ತರಲು ಹೋಗಲೇ ಇಲ್ಲ. ಯಾರಾದರೂ ಕತೆ ಹೇಳಿ ಎಂದರೆ ಎದ್ದು ಹೊರಗೆ ಹೋಗಿ ತೋಟದಲ್ಲಿ ಕಳೆ ಕೀಳುತ್ತಿದ್ದರಂತೆ. ಅವರು ತೀರಿಕೊಂಡ ಮೇಲೆ ಮಕ್ಕಳು ಪೆಟ್ಟಿಗೆ ತೆಗೆದು ನೋಡಿದರೆ, ಉಳಿದ ಸುರುಳಿಗಳೆಲ್ಲ ಅಂಟಿ ಬೆಲ್ಲದ ಪಾಕದಂತಾಗಿದ್ದವು. ಉಳಿದಿದ್ದು ಈ ಒಂದು ತುಂಡು, ಜೊತೆಗೆ ಅಪ್ಪ ತಾನು ಆಡಬೇಕಾದ ಮಾತುಗಳನ್ನು ಬರೆದಿಟ್ಟುಕೊಂಡಿದ್ದ ಒಂದು ನೋಟ್‌ಬುಕ್ಕು.

ಕತೆ ನಮ್ಮ ಅಜ್ಜಿಯರಿಗೂ ಗೊತ್ತಿರುವಂಥದ್ದೇ. ಆಕಾಶದಿಂದ ಇಳಿದ ದೇವಕನ್ಯೆ ತನ್ನ ಗರಿಯ ಉಡುಪನ್ನು ಕಡಲ ತಡಿಯ ಮರಕ್ಕೆ ತೂಗುಹಾಕಿ ಮೀಯುತ್ತಾಳೆ. ಬೆಸ್ತನೊಬ್ಬ ಅದನ್ನು ಬಚ್ಚಿಡುತ್ತಾನೆ. ಹಾರಲಾರದ ಅವಳು ಅವನ ಹೆಂಡತಿಯಾಗಿ ಒಂದು ಮಗುವನ್ನು ಹೆರುತ್ತಾಳೆ. ಒಂದು ದಿನ ಅಕ್ಕಿಯ ಪೆಟ್ಟಿಗೆಯ ತಳದಲ್ಲಿ ಉಡುಪು ಸಿಗುತ್ತದೆ. ಆಗಿನ ಜಪಾನಿನ ಸಿನಿಮಾದಲ್ಲಿ ಹೆಣ್ಣುಪಾತ್ರವನ್ನು ಗಂಡಸರೇ ಮಾಡುತ್ತಿದ್ದರು, ನಮ್ಮ ಕಂಪನಿ ನಾಟಕದ ಹಾಗೆ. ಈ ದೇವಕನ್ಯೆಗೆ ಅಗಲ ದವಡೆ, ಪೈಲ್ವಾನನ ಭುಜ. ಮೊದಲ ಸಲ ನೋಡಿದಾಗ ಕಷ್ಟಪಟ್ಟು ನಗು ತಡೆದುಕೊಂಡಿದ್ದೆ. ಎರಡು ನಿಮಿಷವಾದ ಮೇಲೆ ಆ ಬೆರಳುಗಳನ್ನೇ ನೋಡುತ್ತಾ ಕೂತೆ. ಉಡುಪು ಕಳೆದುಹೋಯಿತೆಂದು ತಿಳಿದಾಗ ಆ ದಪ್ಪ ಬೆರಳುಗಳು ಗಾಳಿಯಲ್ಲಿ ಅದನ್ನು ಹುಡುಕುವ ರೀತಿ ಯಾವ ಹೆಂಗಸಿಗೂ ಬರದು. ಕೊನೆಗೆ ಅವಳು ಗರಿಯ ಉಡುಪು ತೊಟ್ಟು ಮೇಲೇರುತ್ತಾಳೆ. ಮೇಲೆತ್ತುವ ತಂತಿ ಚೆನ್ನಾಗಿಯೇ ಕಾಣುತ್ತದೆ. ಕೆಳಗೆ ಮಗು ಎರಡೂ ಕೈ ಎತ್ತಿ ನಿಂತಿರುತ್ತದೆ, ಅಷ್ಟರಲ್ಲಿ ಫಿಲ್ಮು ಮುಗಿದು ಪರದೆ ಬಿಳಿಯಾಗುತ್ತದೆ. ನೋಟ್‌ಬುಕ್ಕು ಕೂಡ ಅಲ್ಲಿಗೇ ನಿಲ್ಲುತ್ತದೆ.

ಟೀಚರಿಗೂ ಅವರ ಅಣ್ಣನಿಗೂ ಅರವತ್ತು ವರ್ಷದ ಜಗಳ ಹುಟ್ಟಿದ್ದು ಈ ಬಿಳಿ ಪರದೆಯಿಂದ. ಅಣ್ಣ ಏಳೆಂಟು ವರ್ಷದವರಿದ್ದಾಗ, ಯುದ್ಧಕ್ಕೆ ಮುಂಚೆ, ಒಂದು ಗಿರಣಿಯೂರಿನ ಸಭಾಂಗಣದಲ್ಲಿ ನೆಲದ ಮೇಲೆ ಕೂತು, ಅಪ್ಪ ಈ ಕತೆ ಹೇಳಿದ್ದನ್ನು ನೋಡಿದವರು. ಟೀಚರ್ ಆಗ ಹುಟ್ಟಿರಲಿಲ್ಲ. ಅಣ್ಣ ಹೇಳುವುದೇನೆಂದರೆ, ಸಿನಿಮಾ ಅಲ್ಲಿಗೆ ಮುಗಿಯುವುದಿಲ್ಲ. ತಾಯಿ ಮತ್ತೆ ಬರುತ್ತಾಳೆ. ಬಾವಿಕಟ್ಟೆಯ ಬಳಿ ಮಗುವನ್ನು ಕೂರಿಸಿಕೊಂಡು ಅದರ ಕಾಲು ತೊಳೆಯುತ್ತಾಳೆ. ಅವಳ ಸೊಂಟಕ್ಕೆ ಕೆಂಪು ಪಟ್ಟಿ ಇರುತ್ತದೆ. ನಾನು ಕಣ್ಣಾರೆ ಕಂಡಿದ್ದೇನೆ, ಆ ತುಂಡು ಎಲ್ಲೋ ಕಳೆದಿದೆ, ಹುಡುಕಬೇಕು ಎನ್ನುತ್ತಿದ್ದರು. ಅವರು ಎಷ್ಟೋ ಸಂಗ್ರಹಾಲಯಗಳಿಗೆ ಕಾಗದ ಬರೆದರು, ಎಲ್ಲಿಂದಲೂ ಇಲ್ಲವೆಂದೇ ಉತ್ತರ ಬಂತು. ಟೀಚರ್ ವಾದವೂ ಸುಲಭವಾಗಿತ್ತು. ಕಪ್ಪು ಬಿಳುಪು ಸಿನಿಮಾದಲ್ಲಿ ಕೆಂಪು ಎಲ್ಲಿಂದ ಬಂತು? ನೋಟ್‌ಬುಕ್ಕಿನಲ್ಲಿ ಯಾಕೆ ಇಲ್ಲ? ಆ ಕಾಲದಲ್ಲಿ ಕೈಯಿಂದ ಬಣ್ಣ ಹಚ್ಚುತ್ತಿದ್ದರು ಎಂದು ಅಣ್ಣ. ಹಾಗಾದರೆ ಈ ಹನ್ನೊಂದು ನಿಮಿಷಕ್ಕೆ ಯಾಕೆ ಹಚ್ಚಲಿಲ್ಲ ಎಂದು ತಂಗಿ. ನೀನು ಸುಳ್ಳು ಹೇಳುತ್ತಿದ್ದೀಯ ಎಂದು ಒಮ್ಮೆ ಟೀಚರ್ ಬಾಯಲ್ಲಿ ಬಂದುಹೋಯಿತು. ಅಲ್ಲಿಂದ ಎರಡು ವರ್ಷ ಇಬ್ಬರಿಗೂ ಮಾತಿರಲಿಲ್ಲ.

ಬರೆದಿಲ್ಲ ಎಂದರೆ ನಡೆದಿಲ್ಲ ಎಂದುಕೊಂಡವಳು ನಾನು. ಮನಸ್ಸಿನಲ್ಲಿ ಟೀಚರ್ ಪಕ್ಷವೇ ಆಗಿದ್ದೆ.

ಪ್ರತಿ ವರ್ಷ ಮಾರ್ಚಿನ ಒಂದು ಶನಿವಾರ ಮಧ್ಯಾಹ್ನ, ಟೋಟೆಮ್ ಲೇಕ್ ಹತ್ತಿರ ಅಣ್ಣ ಇರುವ ವೃದ್ಧರ ಅಪಾರ್ಟ್‌ಮೆಂಟಿನ ಹಾಲಿನಲ್ಲಿ ಟೀಚರ್ ಈ ಸಿನಿಮಾ ಹಾಕಿ, ಪಕ್ಕದಲ್ಲಿ ನಿಂತು ಅಪ್ಪನ ನೋಟ್‌ಬುಕ್ಕಿನ ಮಾತುಗಳನ್ನು ಇಂಗ್ಲಿಷಿನಲ್ಲಿ ಹೇಳುತ್ತಿದ್ದರು. ಇಪ್ಪತ್ತು ಮೂವತ್ತು ಜನ ಸೇರುತ್ತಿದ್ದರು, ಹೆಚ್ಚಿನವರು ಅವರದೇ ವಯಸ್ಸಿನವರು. ಪರದೆ ಬಿಳಿಯಾದಾಗ ಎಲ್ಲರೂ ಒಂದಷ್ಟು ಹೊತ್ತು ಸುಮ್ಮನೆ ಕೂತು, ಆಮೇಲೆ ಎದ್ದು ಟೀ ಕುಡಿಯುತ್ತಿದ್ದರು. ಹಾಗೇ ರೂಢಿಯಾಗಿತ್ತು.

ಹೋದ ಚಳಿಗಾಲ ಎರಡು ಸಂಗತಿಗಳು ಒಟ್ಟಿಗೆ ಬಂದವು. ಟೀಚರಿಗೆ ಗಂಟಲಿನ ಆಪರೇಷನ್ ಆಗಿ ದನಿ ಹೋಯಿತು, ಪಿಸುಮಾತು ಮಾತ್ರ ಉಳಿಯಿತು. ತೊಂಬತ್ತು ದಾಟಿದ ಅಣ್ಣನಿಗೆ ಮೊದಲೇ ಮಂದವಾಗಿದ್ದ ದೃಷ್ಟಿ ಪೂರ್ತಿ ಹೋಯಿತು. ಅಣ್ಣನಿಗೆ ಸಿನಿಮಾ ಕಾಣಬೇಕಾದರೆ ಇನ್ನು ಯಾರಾದರೂ ಹೇಳಲೇಬೇಕು, ಹೇಳುವ ತಂಗಿಗೆ ದನಿಯಿಲ್ಲ. ಟೀಚರ್ ಒಂದು ಪುಟ್ಟ ಬಿಳಿ ಹಲಗೆಯನ್ನು ಕೊರಳಿಗೆ ಹಾಕಿಕೊಂಡಿದ್ದರು. ಅದರ ಮೇಲೆ ಮಾರ್ಕರಿನಿಂದ, ನೀನು ಹೇಳುತ್ತೀಯಾ ಎಂದು ಬರೆದು ನನ್ನ ಮುಂದೆ ಹಿಡಿದರು.

ನನಗಾಗುವುದಿಲ್ಲ ಎಂದೆ. ಅವರು ಹಲಗೆ ಒರೆಸಲಿಲ್ಲ. ಟೀ ತಣ್ಣಗಾಗುವವರೆಗೂ ಅದನ್ನು ಹಾಗೇ ಹಿಡಿದುಕೊಂಡು ಕೂತರು. ಎರಡನೆಯ ಸಲ ಕೇಳದೆ ಬಿಟ್ಟ ಅಪ್ಪ ನೆನಪಾದರು. ಸರಿ ಎಂದೆ.

ಆಗ ಅವರು ಹಲಗೆ ಒರೆಸಿ ಒಂದು ಷರತ್ತು ಬರೆದರು. "ಚಿತ್ರ ನಿಂತಲ್ಲಿ ನೀನೂ ನಿಲ್ಲಬೇಕು." ಕೆಳಗೆ ಎರಡು ಗೆರೆ ಎಳೆದರು. ಕಾರಣವನ್ನು ಕಿವಿಯ ಹತ್ತಿರ ಬಂದು ಪಿಸುಗುಟ್ಟಿದರು. ಅಣ್ಣನಿಗೆ ಈಗ ಪರದೆ ಕಾಣುವುದಿಲ್ಲ. ಒಂದು ಮಾತು ಹೆಚ್ಚಿಗೆ ಬಂದರೂ ಕಳೆದ ತುಂಡು ಸಿಕ್ಕಿತೆಂದೇ ತಿಳಿಯುತ್ತಾನೆ. ಈ ವಯಸ್ಸಿನಲ್ಲಿ ಅವನಿಗೆ ಆಸೆ ಹುಟ್ಟಿಸಿ ಕಿತ್ತುಕೊಳ್ಳುವುದು ಬೇಡ. ನಾನು ಎದೆ ಮುಟ್ಟಿ ಮಾತು ಕೊಟ್ಟೆ. ದಾಖಲೆಯಲ್ಲಿ ಇಲ್ಲದ್ದನ್ನು ಸೇರಿಸದೆ ಇರುವುದಕ್ಕೇ ನನಗೆ ಸಂಬಳ ಬರುತ್ತದೆ, ಇದೊಂದು ಕಷ್ಟವೇ ಎಂದುಕೊಂಡೆ.

ಮೂರು ವಾರ ಅವರ ಅಡುಗೆಮನೆಯ ಮೇಜಿನ ಮೇಲೆ ಲ್ಯಾಪ್‌ಟಾಪ್ ಇಟ್ಟುಕೊಂಡು ಅಭ್ಯಾಸ ಮಾಡಿದೆವು. ಮಾತು ಮುಂದೋಡಿದರೆ ಟೀಚರ್ ಅಂಗೈ ಒತ್ತುವರು, ಹಿಂದೆ ಬಿದ್ದರೆ ಬೆರಳು ತಿರುಗಿಸುವರು. ಆಫೀಸಿಗೆ ಹೋಗುವಾಗ ಬರುವಾಗ ಫ್ರೀವೇ ಮೇಲೆ ಗಾಡಿಗಳು ಆಮೆ ನಡಿಗೆಯಲ್ಲಿ ಸಾಗುವಷ್ಟು ಹೊತ್ತೂ ದೇವಕನ್ಯೆಯಾಗಿ ಅಳುತ್ತಿದ್ದೆ. ಪಕ್ಕದ ಕಾರಿನವನೊಬ್ಬ ಕಿಟಕಿ ಇಳಿಸಿ ಎಲ್ಲಾ ಸರಿಯಿದೆಯಾ ಎಂದು ಕೇಳಿದ್ದೂ ಉಂಟು. ಮನೆಯಲ್ಲಿ ಹೈಸ್ಕೂಲಿಗೆ ಹೋಗುವ ಮಗಳ ಮುಂದೆ ಒಪ್ಪಿಸಿದೆ. ಅವಳು ಕೊನೆಯವರೆಗೆ ಕೇಳಿ, "ಅಮ್ಮಾ, ಇಟ್ ಸೌಂಡ್ಸ್ ಲೈಕ್ ಎ ಪೊಲೀಸ್ ರಿಪೋರ್ಟ್" ಎಂದಳು. ನಿಜವೇ. ಸದರಿ ಬೆಸ್ತನು ಸದರಿ ಉಡುಪನ್ನು ತನ್ನ ವಶಕ್ಕೆ ತೆಗೆದುಕೊಂಡನು ಎನ್ನುವ ಧಾಟಿಯಲ್ಲೇ ಇತ್ತು ನನ್ನ ಇಂಗ್ಲಿಷು. ಗಂಡನಂತೂ ಆ ದಿನ ಊಟಕ್ಕೆ ಕೂತವನು ಬಿಡಲಿಲ್ಲ.

"ಅಪ್ಪಾರು ಕರದಾಗ ಒಲ್ಲೆ ಅಂದಾಕಿ, ಈಗ ಜಪಾನದವ್ರಿಗೆ ಹರಿಕತಿ ಹೇಳಾಕ ಹೊಂಟೀಯಲ್ಲ."

ನಾನು ಪಲ್ಯದ ಪಾತ್ರೆಯನ್ನು ಸ್ವಲ್ಪ ಜೋರಾಗಿಯೇ ಇಟ್ಟೆ. ಅವನು ಹೇಳಿದ್ದು ಸುಳ್ಳಲ್ಲ, ಅದಕ್ಕೇ ಉರಿ ಹತ್ತಿದ್ದು. ಆದರೆ ಮಾರನೆಯ ದಿನದಿಂದ ರಿಪೋರ್ಟಿನ ಭಾಷೆ ಬಿಟ್ಟೆ. ಅಪ್ಪ ಹೆಣ್ಣು ದನಿ ತೆಗೆಯುವಾಗ ತಲೆಯನ್ನು ಎಡಕ್ಕೆ ಓರೆ ಮಾಡುತ್ತಿದ್ದರು, ಹಾಗೇ ಮಾಡಿ ನೋಡಿದೆ. ಎಲ್ಲಿತ್ತೋ ಏನೋ, ಗಂಟಲಿನಿಂದ ಆ ದನಿ ಬಂತು. ಟೀಚರ್ ಅಂಗೈ ಒತ್ತುವುದನ್ನೂ ಬೆರಳು ತಿರುಗಿಸುವುದನ್ನೂ ಬಿಟ್ಟು ಸುಮ್ಮನೆ ಕೇಳಿದರು. ಹೀಗೆ ಮೆಚ್ಚಿಸಿಕೊಂಡು ನನಗೆ ಎಷ್ಟೋ ವರ್ಷಗಳಾಗಿದ್ದವು. ಮನೆಗೆ ಬಂದು ಯಾರಿಗೂ ಹೇಳದೆ ಕೇಸರಿಬಾತ್ ಮಾಡಿದೆ.

ಆ ಶನಿವಾರ ಇಲ್ಲಿನ ಮಾಮೂಲಿ ಜಿಟಿಜಿಟಿ. ಹಾಲಿನಲ್ಲಿ ಕುರ್ಚಿಗಳು ಅರ್ಧವೃತ್ತವಾಗಿದ್ದವು. ಅಣ್ಣನನ್ನು ಮುಂದಿನ ಸಾಲಿಗೆ ಗಾಲಿಕುರ್ಚಿಯಲ್ಲಿ ತಂದು ಕೂರಿಸಿದರು. ಇಸ್ತ್ರಿ ಮಾಡಿದ ಅಂಗಿ, ನೀಟಾಗಿ ಬಾಚಿದ ಬಿಳಿ ಕೂದಲು. ನನ್ನ ಕೈ ಹಿಡಿದುಕೊಂಡು, ನೀವು ಎಲ್ಲಿ ನಿಲ್ಲುತ್ತೀರಿ ಎಂದು ಕೇಳಿದರು. ಪರದೆಯ ಎಡಕ್ಕೆ ಎಂದೆ. ಅಪ್ಪನೂ ಅಲ್ಲೇ ನಿಲ್ಲುತ್ತಿದ್ದದ್ದು ಎಂದು ಕುರ್ಚಿಯನ್ನು ಸ್ವಲ್ಪ ಆ ಕಡೆಗೆ ತಿರುಗಿಸಿಕೊಂಡರು. ಎಲ್ಲರ ಮುಖ ಪರದೆಯ ಕಡೆಗಿತ್ತು, ಅವರ ಮುಖ ಒಂದೇ ನನ್ನ ಕಡೆಗಿತ್ತು.

ಟೀಚರ್ ನನ್ನೆದುರು ಬಾಗಿಲ ಬಳಿ ನಿಂತರು. ದೀಪ ಆರಿತು. ಮೊದಲ ಮಾತಿಗೆ ನನ್ನ ದನಿ ನಡುಗಿತು. ಬಟ್ಟೆಯ ಮೇಲೆ ಬರೆದ ಕಡಲು, ಮರಕ್ಕೆ ತೂಗುವ ಉಡುಪು. ಬೆಸ್ತ ಬಂದಾಗ ಯಾರೋ ಹಿಂದಿನ ಸಾಲಿನಲ್ಲಿ ನಕ್ಕರು, ಅವನ ದನಿಗೆ ನಾನು ಗಂಡನ ಗೊರಕೆಯ ಗತ್ತನ್ನು ಕೊಟ್ಟಿದ್ದೆ. ಅಲ್ಲಿಂದ ಭಯ ಹೋಯಿತು. ಪರದೆಯನ್ನು ನೋಡುವುದನ್ನು ಬಿಟ್ಟು ಅಣ್ಣನ ಮುಖಕ್ಕೇ ಹೇಳತೊಡಗಿದೆ. ಅವರಿಗೆ ಕಾಣಬೇಕಾದದ್ದನ್ನೆಲ್ಲ ಹೇಳಿದೆ, ಆ ದಪ್ಪ ಬೆರಳುಗಳನ್ನು ಕೂಡ. ಅಕ್ಕಿಪೆಟ್ಟಿಗೆಯ ತಳಕ್ಕೆ ಅವಳ ಕೈ ತಾಗಿದಾಗ ಅವರ ಕೈಬೆರಳು ತೊಡೆಯ ಮೇಲೆ ಅಲುಗಿದವು.

ಅವಳು ಮೇಲೇರಿದಳು. ನೋಟ್‌ಬುಕ್ಕಿನ ಕೊನೆಯ ಸಾಲು ಹೇಳಿದೆ. ಮಗುವಿನ ಎರಡು ಕೈಗಳೂ ಗಾಳಿಯಲ್ಲಿ ಉಳಿದವು.

ಪರದೆ ಬಿಳಿಯಾಯಿತು. ಟೀಚರ್ ಬಾಗಿಲ ಬಳಿಯಿಂದ ಅಂಗೈ ಎತ್ತಿ ನಿಲ್ಲಿಸು ಎಂದು ತೋರಿಸಿದರು. ಜನ ರೂಢಿಯಂತೆ ಸುಮ್ಮನೆ ಕೂತರು. ನಾನೂ ಬಾಯಿ ಮುಚ್ಚಿದೆ, ಅದು ನಿಜ. ಆದರೆ ಅಣ್ಣನ ಕೈಗಳು ತೊಡೆಯಿಂದ ಅರ್ಧ ಅಡಿ ಮೇಲೆದ್ದು ಹಾಗೇ ನಿಂತಿದ್ದವು. ಅವರಿಗದು ಗೊತ್ತಿತ್ತೋ ಇಲ್ಲವೋ. ನನಗೆ ಎಲ್ಲಿಲ್ಲದ ಸಿಟ್ಟು ಬಂತು. ಮಗುವನ್ನು ಹಾಗೆ ಕೈಯೆತ್ತಿ ನಿಲ್ಲಿಸಿ ಟೀ ಕುಡಿಯಲು ಹೋಗುವುದು ಯಾವ ಸೀಮೆಯ ಪದ್ಧತಿ? ಹೀಗೆ ನಡುನೀರಿನಲ್ಲಿ ಬಿಡುವುದಾದರೆ ಕರೆದದ್ದು ಯಾಕೆ? ಕೊಟ್ಟ ಮಾತು, ಟೀಚರ್ ಎಳೆದ ಎರಡು ಗೆರೆ, ಎಲ್ಲ ತಲೆಯಿಂದ ಜಾರಿತು. ಬಾಯಿ ತಾನಾಗಿ ತೆರೆದುಕೊಂಡಿತು.

ಅವಳು ಮೋಡ ದಾಟಿದಳು, ಆದರೆ ಉಡುಪು ಭಾರವಾಗಿತ್ತು ಎಂದೆ. ಗರಿಗಳನ್ನು ಎಣಿಸಿದಳು, ಒಂದು ಕಡಿಮೆ ಬಂತು. ಆ ಒಂದು ಗರಿ ಕೆಳಗೆ ಮಗುವಿನ ಮುಷ್ಟಿಯಲ್ಲಿತ್ತು. ತಾಯಿ ಏಳುವಾಗ ಮಗು ಹಿಡಿದು ಎಳೆದದ್ದು. ಒಂದು ಗರಿ ಕಡಿಮೆಯಾದ ಉಡುಪು ವರ್ಷವಿಡೀ ಹಾರಲಾರದು, ಒಂದು ದಿನ ದಣಿದು ನೆಲಕ್ಕೆ ಇಳಿಯಲೇಬೇಕು. ಇಳಿದಳು. ಮಗು ಅದೇ ತಡಿಯಲ್ಲಿ ಕೂತಿತ್ತು. ಅದರ ಕೂದಲು ಜಡೆಗಟ್ಟಿತ್ತು. ಅವಳು ಅದನ್ನು ಮಡಿಲಿಗೆ ಎಳೆದುಕೊಂಡು, ಬಾಚಣಿಗೆ ತೆಗೆದು, ಸಿಕ್ಕು ಬಿಡಿಸಿ, ಅನ್ನ ಉಣ್ಣಿಸಿದಳು. ಗರಿಯನ್ನು ವಾಪಸು ಕೇಳಲಿಲ್ಲ. ಭದ್ರವಾಗಿಟ್ಟುಕೋ, ನಾನು ಬರಲಿಕ್ಕೆ ಅದೇ ದಾರಿ ಎಂದಳು. ಹೇಳಿದವರಿಗೂ ಕೇಳಿದವರಿಗೂ ಒಳ್ಳೆಯದಾಗಲಿ ಎಂದು ಕೈ ಮುಗಿದು, ಅಪ್ಪನ ಧಾಟಿಯಲ್ಲಿ ಮಂಗಳ ಹಾಡಿದೆ. ಅದನ್ನು ಕನ್ನಡದಲ್ಲೇ ಹಾಡಿದೆ ಎಂದು ಗೊತ್ತಾದದ್ದು ಮುಗಿದ ಮೇಲೆ.

ಯಾರೋ ದೀಪ ಹಾಕಿದರು. ಅಣ್ಣನ ಕೈಗಳು ತೊಡೆಯ ಮೇಲೆ ಇಳಿದಿದ್ದವು. ಅವರ ಮುಖದಲ್ಲಿ ನಾನು ಅದುವರೆಗೆ ನೋಡಿರದ ಒಂದು ಸಂತೋಷವಿತ್ತು.

"ಆ ತುಂಡು ಸಿಕ್ಕಿತಾ?" ಎಂದು ಕೇಳಿದರು.

ಟೀಚರ್ ಯಾವುದಕ್ಕೆ ಹೆದರಿದ್ದರೋ ಅದನ್ನೇ ಮಾಡಿದ್ದೆ. ಅವರ ಮುಖ ಬಿಳಿಚಿಕೊಂಡಿತ್ತು. ಹೌದು ಎಂದರೆ ಮುಗಿದುಹೋಗುತ್ತಿತ್ತು. ಆ ಹಾಲಿನಲ್ಲಿ ಯಾರೂ ನನ್ನನ್ನು ಹಿಡಿದುಕೊಡುತ್ತಿರಲಿಲ್ಲ, ತೊಂಬತ್ತು ದಾಟಿದ ಮುದುಕರು ಆ ರಾತ್ರಿ ನೆಮ್ಮದಿಯಾಗಿ ಮಲಗುತ್ತಿದ್ದರು. ಆದರೆ ಆಗದ್ದನ್ನು ಆಯಿತೆಂದು ಬರೆದವರಿಗೆ ಇಪ್ಪತ್ತು ವರ್ಷದಿಂದ ಕೆಂಪು ಗುರುತು ಹಾಕಿದ ಕೈ ನನ್ನದು. ಹೋಗಿ ಅವರ ಕುರ್ಚಿಯ ಮುಂದೆ ಮಂಡಿಯೂರಿ ಕೂತೆ.

"ಇಲ್ಲ ಸರ್. ಸಿನಿಮಾ ಆಗಲೇ ಮುಗಿದಿತ್ತು. ಪರದೆ ಮೇಲೆ ಏನೂ ಇರಲಿಲ್ಲ. ಉಳಿದದ್ದು ನಾನೇ ಹೇಳಿದ್ದು. ತಪ್ಪಾಯಿತು."

ಬೈದರೆ ಬೈಯಲಿ ಎಂದು ತಲೆ ತಗ್ಗಿಸಿದೆ. ಅವರು, ಬಾಚಣಿಗೆ ಕೆಂಪಗಿತ್ತಲ್ಲವಾ ಎಂದು ಕೇಳಿದರು. ನಾನು ಬಾಚಣಿಗೆಯ ಬಣ್ಣ ಹೇಳಲೇ ಇಲ್ಲ ಎಂದೆ.

"ನನಗೆ ಕೆಂಪಗೆ ಕಂಡಿತು" ಎಂದರು.

ಅವರ ತುಟಿ ಅಲುಗುತ್ತಿತ್ತು, ಏನನ್ನೋ ಲೆಕ್ಕ ಹಾಕುವವರ ಹಾಗೆ. ಆಮೇಲೆ, ಬಿಳಿ ಪರದೆ, ಬಿಳಿ ಪರದೆ ಎಂದು ಎರಡು ಸಲ ಅಂದುಕೊಂಡರು. ತಂಗಿ ಎಲ್ಲಿ ಎಂದರು. ಟೀಚರ್ ಬಂದು ಅವರ ಹೆಗಲು ಮುಟ್ಟಿದರು.

"ಫಿಲ್ಮು ಮುಗಿದ ಮೇಲೂ ಅಪ್ಪ ಹೇಳ್ತಾ ಇದ್ದರು" ಎಂದರು ಅಣ್ಣ. "ಆ ಬಾವಿಕಟ್ಟೆ, ಆ ಕೆಂಪು ಪಟ್ಟಿ. ಅದು ಸಿನಿಮಾದಲ್ಲಿ ಇರಲೇ ಇಲ್ಲ. ಅಪ್ಪ ಹೇಳಿದ್ದು. ನಾನು ನೋಡಿದ್ದು."

ಮನೆಯಿಂದ ಇಷ್ಟು ದೂರ ಬಂದು ಮರ ಕೊಯ್ಯುತ್ತಿದ್ದ ಆ ಗಂಡಸರನ್ನು, ಅವರ ನಡುವೆ ಕೂತಿದ್ದ ತನ್ನ ಮಗನನ್ನು, ಕೈಯೆತ್ತಿದ ಮಗುವಿನ ಜೊತೆ ಅಲ್ಲೇ ಬಿಟ್ಟು ಬರಲು ಆ ಬೆನ್ಶಿಗೂ ಮನಸ್ಸಾಗಿರಲಿಲ್ಲ. ಬರೆದಿಡದೆ, ಬಿಳಿ ಪರದೆಯ ಪಕ್ಕ ನಿಂತು, ಅವರನ್ನು ದಡ ಮುಟ್ಟಿಸಿದ್ದರು. ನನಗೆ ಅಳು ಬಂತು, ಮುಚ್ಚಿಟ್ಟುಕೊಳ್ಳಲಿಲ್ಲ. ಈಗಿಲ್ಲದ ನಮ್ಮಪ್ಪನನ್ನು ಒಮ್ಮೆ ಫೋನು ಮಾಡಿ ಕರೆಯಬೇಕು ಎನ್ನಿಸಿತು.

ಟೀಚರ್ ಕೊರಳಿನ ಹಲಗೆ ತೆಗೆದು ಏನೋ ಬರೆದರು. ಬರೆದದ್ದನ್ನು ಅಣ್ಣನ ಮುಖದ ಮುಂದೆ ಹಿಡಿದರು. ಅಣ್ಣ ನಗುತ್ತಾ ಖಾಲಿ ಕಣ್ಣಿನಿಂದ ಅದರಾಚೆ ನೋಡುತ್ತಿದ್ದರು. ಟೀಚರಿಗೆ ಆಗ ನೆನಪಾಯಿತು. ಹಲಗೆಯನ್ನು ತಿರುಗಿಸಿ ನನ್ನ ಕೈಗೆ ಕೊಟ್ಟು, ಓದು ಎಂದು ಸನ್ನೆ ಮಾಡಿದರು.

"ಅರವತ್ತು ವರ್ಷ ನಿನ್ನನ್ನು ಸುಳ್ಳುಗಾರ ಅಂದೆ. ನೀನು ನೋಡಿದ್ದು ನಿಜ" ಎಂದು ಓದಿದೆ.

ಅಣ್ಣ ಗಾಲಿಕುರ್ಚಿಯಲ್ಲಿ ನೆಟ್ಟಗೆ ಕೂತರು. ಅಂಗಿಯ ಕಾಲರನ್ನು ಸರಿಮಾಡಿಕೊಂಡರು.

"ಇನ್ನೊಂದು ಸಲ ಓದಿ" ಎಂದರು. "ಎಲ್ಲರಿಗೂ ಕೇಳಲಿ."

ಟೀಚರ್ ಕಣ್ಣೊರೆಸಿಕೊಂಡು, ಆಗಲಿ ಎಂದು ನನ್ನ ಕಡೆ ಬೆರಳು ತಿರುಗಿಸಿದರು. ನಾನು ಎದ್ದು ಪರದೆಯ ಎಡಕ್ಕೆ ಹೋಗಿ ನಿಂತು, ಬರೀ ಗಂಟಲಿನಲ್ಲಿ, ಕೊನೆಯ ಕುರ್ಚಿಯವರೆಗೂ ಕೇಳುವಂತೆ ಓದಿದೆ.